‘ಕಾರಣ ಗೊತ್ತಿಲ್ಲ’ ಎಂಬುದಕ್ಕೆ ಇಂಗ್ಲಿಷಿನಲ್ಲಿ ಏನೆನ್ನುತ್ತಾರೆ?

ವಿದ್ಯಾರ್ಥಿನಿಲಯಗಳ ಮೇಲಧಿಕಾರಿಗಳೇ,

ನಿಮ್ಮ ಹಾಸ್ಟೆಲಿನಲ್ಲಿ ಹನ್ನೊಂದು ವರ್ಷ ಅಡುಗೆ ಮಾಡಿದ ಸುಂಕಮ್ಮನನ್ನು ನೀವು ಮೂರು ವಾರಗಳಿಂದ ಮನೆಯಲ್ಲಿ ಕೂರಿಸಿದ್ದೀರಿ. ಆಕೆ ಮಾಡಿದ ತಪ್ಪೇನು? ಆಕೆ ತಂದ ಡಾಕ್ಟರ ಚೀಟಿಯಲ್ಲಿ ಯಾರಿಗೂ ಅರ್ಥವಾಗದ ಒಂದು ಇಂಗ್ಲಿಷ್ ಪದವಿತ್ತು, ಅಷ್ಟೇ.

ಮೊದಲ ತಪ್ಪು ನನ್ನದು, ಒಪ್ಪುತ್ತೇನೆ. ಹರಪನಹಳ್ಳಿಯಿಂದ ಹಡಗಲಿವರೆಗೆ ನಮ್ಮ ಜನ ಇಂಗ್ಲಿಷ್ ಕಾಗದ ಬಂದರೆ ಜೆರಾಕ್ಸ್ ಅಂಗಡಿಗೆ ಹೋಗುತ್ತಾರೆ. ಪ್ರತಿಗೆ ಎರಡು ರೂಪಾಯಿ, ಅರ್ಥ ಪುಕ್ಕಟೆ. ನನ್ನದೂ ಅಂಥದೇ ಅಂಗಡಿ. ರಜೆ ಅರ್ಜಿಗೆ ಲಗತ್ತಿಸಲು ಸುಂಕಮ್ಮ ಡಾಕ್ಟರ ಚೀಟಿ ತಂದಳು. ತೋಳಿನ ತುಂಬ ಕೆಂಪು ದದ್ದು.

“ಏನಂತ ಬರದಾರೋ ಹುಲುಗೇಶಾ?”

‘ಇಡಿಯೋಪ್ಯಾಥಿಕ್ ಅರ್ಟಿಕೇರಿಯಾ’ ಎಂದು ಹೇಗೋ ತಡವರಿಸಿ ಓದಿದೆ. ಗೊತ್ತಿಲ್ಲ ಎಂದರೆ ಅಂಗಡಿಯ ಮರ್ಯಾದೆ ಏನಾಗಬೇಕು? “ಅಂಟೋ ರೋಗ ಇರ್ಬೇಕು ಬಿಡವ್ವ” ಎಂದುಬಿಟ್ಟೆ.

ಬೇರೆಯವರಾಗಿದ್ದರೆ ಮುಚ್ಚಿಡುತ್ತಿದ್ದರು. ಆಕೆ ನೆಟ್ಟಗೆ ನಿಮ್ಮ ಕಚೇರಿಗೇ ಬಂದು, “ನನಗ ಅಂಟೋ ರೋಗ ಐತಂತ್ರಿ, ನನ್ನ ಕೈಯಾಗ ಹುಡುಗ್ಯಾರು ಉಣ್ಣೋದು ಬ್ಯಾಡ್ರಿ” ಎಂದಳು. ನಿಮ್ಮ ಸಿಬ್ಬಂದಿ ಚೀಟಿ ಹಿಡಿದು ಒಬ್ಬೊಬ್ಬರು ಒಂದೊಂದು ರೀತಿ ಉಚ್ಚರಿಸಿದರಂತೆ. ಅರ್ಥ ಕೇಳಲು ಡಾಕ್ಟರಿಗೆ ಒಂದು ಫೋನು ಮಾಡುವಷ್ಟು ವ್ಯವಧಾನ ಯಾರಿಗೂ ಇರಲಿಲ್ಲ. ಬಾಗಿಲಾಚೆ ನಿಲ್ಲು ಎಂದರು. ನಮ್ಮ ಕೇರಿಯವರಿಗೆ ಹಾಗೆ ನಿಂತು ಅಭ್ಯಾಸವಿದೆ ಎಂದುಕೊಂಡರೇ?

ಮನಸ್ಸು ಚುಚ್ಚಿ ನಾನೇ ಆಕೆಯನ್ನು ಡಾಕ್ಟರ ಬಳಿ ಕರೆದೊಯ್ದೆ. ಅವರು ನಕ್ಕರು. “ಇದು ಗಂಧೆ ಬಿಡಮ್ಮ. ಯಾಕ ಎದ್ದಾವಂತ ಗೊತ್ತಿಲ್ಲ ಅನ್ನೋದಕ್ಕ ಇಡಿಯೋಪ್ಯಾಥಿಕ್ ಅಂತೀವಿ. ಇದು ಯಾರಿಗೂ ಅಂಟಂಗಿಲ್ಲ.”

ನಮ್ಮ ಅಜ್ಜಿಯರು ಕಂಬಳಿಯಿಂದ ಉಜ್ಜಿ ಇಳಿಸುತ್ತಿದ್ದ ಗಂಧೆ! ‘ಗೊತ್ತಿಲ್ಲ’ ಎನ್ನಲು ಅಷ್ಟೊಂದು ಪೋಷಾಕು ಏಕೆ ಬೇಕಿತ್ತೋ! ನನಗೆ ಮೈಯೆಲ್ಲ ಉರಿಯಿತು. ಅವರಿಂದಲೇ ಕನ್ನಡದಲ್ಲಿ ಬರೆಸಿ, ಸಹಿ ಹಾಕಿಸಿ ನಿಮ್ಮ ಮೇಜಿನ ಮೇಲಿಟ್ಟೆ. “ಗಂಧೆ ಎಂಬ ಕಾಯಿಲೆ ನಮ್ಮ ನಿಯಮಾವಳಿಯಲ್ಲಿಲ್ಲ, ಸರಿಯಾದ ವೈದ್ಯಕೀಯ ಪದ ಬರೆಸಿ ತನ್ನಿ” ಎಂದಿರಿ. ಸ್ವಾಮಿ, ಸರಿಯಾದ ಪದ ಮೊದಲ ಚೀಟಿಯಲ್ಲೇ ಇತ್ತಲ್ಲ! ಅದನ್ನು ನೋಡಿಯೇ ಅಲ್ಲವೇ ಹೆದರಿದ್ದು? ಅಂಟುತ್ತದೆ ಎಂದು ಓದು ಬಾರದ ಹೆಂಗಸು ಕನ್ನಡದಲ್ಲಿ ಹೇಳಿದಾಗ ತಕ್ಷಣ ನಂಬಿದಿರಿ. ಅಂಟುವುದಿಲ್ಲ ಎಂದು ಡಾಕ್ಟರು ಕನ್ನಡದಲ್ಲಿ ಬರೆದರೆ ನಂಬಿಕೆ ಬರುವುದಿಲ್ಲ. ಕನ್ನಡ ನಿಮಗೆ ಕೆಲಸ ಕಸಿಯಲು ಸಾಕು, ಕೊಡಲು ಮಾತ್ರ ಸಾಲದು.

ಸೋಮವಾರ ಸುಂಕಮ್ಮ ಒಲೆಯ ಮುಂದಿರಬೇಕು. ತಪ್ಪಾಯಿತು ಎಂದು ನೀವು ಹಾಸ್ಟೆಲಿನ ಹುಡುಗಿಯರ ಎದುರೇ ಹೇಳಬೇಕು. ಪಕ್ಕದಲ್ಲಿ ನಿಂತು ನಾನೂ ಹೇಳುತ್ತೇನೆ.

ನಿನ್ನೆ ಆಕೆಯ ಮನೆಗೆ ಹೋಗಿದ್ದೆ. ವರ್ಷದ ಮೊಮ್ಮಗಳು ಕೈ ಚಾಚಿ ಅಳುತ್ತಿದ್ದಳು. ಸುಂಕಮ್ಮ ಸೆರಗಿನಲ್ಲಿ ತೋಳು ಮುಚ್ಚಿಕೊಂಡು ದೂರ ಕುಳಿತಿದ್ದಳು. ಅಂಟುವುದಿಲ್ಲ ಎಂದು ಡಾಕ್ಟರು ಹೇಳಿದರಲ್ಲವ್ವ, ಎತ್ತಿಕೋ ಎಂದೆ.

“ಆಫೀಸಿನ್ಯಾಗ ಇನ್ನಾ ಒಪ್ಪಿಲ್ಲಲ್ಲಪ್ಪಾ” ಎಂದಳು.

ಇಂತಿ,
ಗೊತ್ತಿಲ್ಲ ಎನ್ನಲು ನಾಚಿ ಹಿರಿಯಳ ಅನ್ನ ಕಿತ್ತವನು,
ಜೆರಾಕ್ಸ್ ಅಂಗಡಿಯ ಹುಲುಗೇಶ್
ಗುಡೇಕೋಟೆ