ಪರದೆಯ ಮೇಲೆ ನೀನು, ದನಿ ಯಾರದೋ

ತಮ್ಮಾ ಬಸೂ,

ಇವತ್ತು ಸೋಮವಾರ, ನನ್ನ ಒಪ್ಪತ್ತು. ನಸುಕಿನಲ್ಲೇ ಎದ್ದು ಅಂಗಳಕ್ಕೆ ಸೆಗಣಿ ನೀರು ಹೊಡೆದೆ, ಎಮ್ಮೆ ಹಿಂಡಿದೆ, ಜಳಕ ಮಾಡಿ ಲಿಂಗಪೂಜೆ ಮುಗಿಸಿದೆ. ಅವ್ವನಿಗೆ ಅಂಬಲಿ ಕುಡಿಸಲು ಹೋದರೆ ಎರಡು ಗುಟುಕಿಗೇ ಮಾರಿ ತಿರುವಿದಳು. ಈಗ ಬಾಗಿಲ ಹತ್ತಿರ ಬೆಳಕಿಗೆ ಕುಂತು ನಿನಗೆ ಬರೆಯಾಕತ್ತೇನಿ. ಊರ ಸಾಲಿ ಕಲಿತ ಕೈ, ಅಕ್ಷರ ಅಡ್ಡಾದಿಡ್ಡಿ ಆದರೆ ನಗಬ್ಯಾಡ. ನೀನು ಹೋಗಿ ವರ್ಷ ತುಂಬಿತು. ದಿನಾ ದೀಪ ಹಚ್ಚತೇನಿ ಖರೆ, ಆದರೆ ದೇವರ ಮುಂದೆ ನಿಂತು ಏನು ಬೇಡಬೇಕು ಅನ್ನೋದೇ ತಿಳಿಯದಂಗ ಆಗೇತಿ. ನಿನ್ನ ಆಯುಷ್ಯ ಒಂದನ್ನೇ ಬೇಡಿದ್ದೆ. ಅದನ್ನೇ ಕೊಡಲಿಲ್ಲ. ಇನ್ನೇನು ಕೇಳಲಿ?

ಬೀಳಗಿ ಕಡೆಯ ನಮ್ಮ ಹಳೇ ಊರಿನಲ್ಲಿ ನೀನು ಮೊದಲ ಸಲ ಬಯಲಾಟಕ್ಕೆ ಬಣ್ಣ ಹಚ್ಚಿದ್ದು ನೆನಪೈತೇನು? ಆವಾಗಿನ್ನೂ ಊರು ಆಣೆಕಟ್ಟಿನ ನೀರಿಗೆ ಮುಳುಗಿರಲಿಲ್ಲ. ಮೈಕು ಕೆಟ್ಟು ಮಂದಿ ಸಿಳ್ಳು ಹೊಡೆಯಲು ಶುರುಮಾಡಿದಾಗ ನೀನು ಬರೀ ಬಾಯಿಲೇ ಮಾತು ಎತ್ತಿದಿ. ಹೊಳೆ ದಂಡಿಯಲ್ಲಿ ದನ ಕಾಯುವವರಿಗೂ ಕೇಳಿಸಿತಂತೆ. ಅವ್ವ ಹೆಂಗಸರ ಗುಂಪಿನಲ್ಲಿ ಎಲ್ಲೋ ಹಿಂದೆ ಕುಂತಿದ್ದಳು. "ಮುಂದ ಬಾ, ಮಗಾ ಕಾಣತಾನ" ಅಂತ ಕರೆದರೆ, "ನೋಡೋದೇನೈತಿ, ದಿನಾ ನೋಡತೇನಿ. ಕೇಳಾಕ ಬಿಡ್ರಿ" ಅಂದಿದ್ದಳು.

ಮುಳುಗಡೆಯಾಗಿ ಹೊಸ ಮನೆಗೆ ಬಂದ ಮೇಲೆ ನೀನು ಬೆಂಗಳೂರು ಸೇರಿದಿ, ನಿನ್ನ ಮೊದಲ ಸಿನಿಮಾ ಟೀವಿಯಲ್ಲಿ ಬಂತು. ಓಣಿಯೆಲ್ಲಾ ನಮ್ಮ ಪಡಸಾಲೆಯಲ್ಲಿ. ನೀನು ಹೋಟೆಲ್ ಮಾಣಿ ಆಗಿ ಬಂದಿ, ಬಾಯಿ ತೆಗೆದಿ. ಒಳಗಿಂದ ಯಾರದೋ ದನಿ ಬಂತು. ಅವ್ವನಿಗೆ ಆವಾಗಿನ್ನೂ ಕಣ್ಣಿದ್ದವು. "ಮಾರಿ ನಮ್ಮ ಬಸೂಂದು. ಬಾಯಿ ಯಾರದಲೇ?" ಅಂದಳು. ಮರುದಿನ ನೀನು ಫೋನು ಮಾಡಿ ತಿಳಿಸಿ ಹೇಳಿದಿ: "ಅಕ್ಕಾ, ಶೂಟಿಂಗ್ ಒಂದಿನ, ದನಿ ಕೂಡಸೋದು ಇನ್ನೊಂದಿನ. ಡಬ್ಬಿಂಗ್ ಅಂತಾರ. ನಾ ಹೋಗಾಕತ್ತೇನಿ, ಬರಾಕತ್ತೇನಿ ಅಂದರ ಅವರು ಕಿಸಕ್ಕ ಅಂತಾರ. ಅದಕ್ಕ ಬ್ಯಾರೆಯವನ ಕಡಿಂದ ಮಾತಾಡಿಸಿದರು."

ಮುಂದೆ ಕಳ್ಳ, ಕುಡುಕ, ಪೆದ್ದ ಅಂತ ಸಾಲುಸಾಲಾಗಿ ಪಾತ್ರ ಬಂದವು. ಕೆಲವೊಂದರಲ್ಲಿ ನಮ್ಮ ಕಡೆ ಮಾತೇ ಬೇಕಾಗಿತ್ತು. ಆವಾಗಲೂ ನಿನಗೆ ಕೊಡಲಿಲ್ಲ. ಅಲ್ಲಿಯವನೊಬ್ಬ ನಮ್ಮಂಗ ಅಣಕಿಸಿ ಮಾತಾಡಿದ. ಜಮಖಂಡಿ ಸಂತೆಯಲ್ಲಿ ಬಳೆ ಮಾರುವಾಕೆ ನನ್ನನ್ನು ನಿಲ್ಲಿಸಿ, "ಯಾಕಬೇ, ನಿನ್ನ ತಮ್ಮ ಬೆಂಗಳೂರಿಗೆ ಹೋಗಿ ನಮ್ಮ ಮಾತು ಮರತಾನೇನು?" ಅಂದಳು. ಏನು ಹೇಳಲಿ? ನಿನ್ನ ಬಾಯಿಗೆ ಕೀಲಿ ಹಾಕಿ, ಮಾರಿ ಒಂದನ್ನು ಬಾಡಿಗೆ ತಗೊಂಡಾರ ಅಂತ ಹೇಳಲೇನು?

ಕಡೆಯ ಸಲ ಊರಿಗೆ ಬಂದಾಗ ಅವ್ವನ ಎರಡೂ ಕಣ್ಣು ಹೋಗಿದ್ದವು. ನೀನು ಆಕೆಯ ಮೊಣಕಾಲಿಗೆ ತಲೆ ಆನಿಸಿ ಕುಂತು, "ಯವ್ವಾ, ಈ ಸಲ ನಾನೇ ಹೀರೋ. ನಮ್ಮ ಕಡಿ ಕತಿ, ನಮ್ಮ ಮಾತು. ದನೀನೂ ನಂದೇ. ಹಂಗಂತ ಮಾತು ತಗೊಂಡೇ ಒಪ್ಪೇನಿ" ಅಂದಿ.

"ನನ್ನ ಕಣ್ಣ ಹೋದ ಮ್ಯಾಲೆ ಹೀರೋ ಆದೇನಲೇ, ಮುಂಡೇದೆ?"

"ಕಣ್ಣ ಯಾಕ ಬೇಕ ಬೇ ನಿನಗ? ನೀ ಮೊದಲಿಂದಲೂ ಕಿವಿಲೇ ನನ್ನ ನೋಡಿದಾಕಿ."

ಅವ್ವ ನಕ್ಕಳು. ಕಣ್ಣು ಹೋದ ಮೇಲೆ ಆಕೆ ನಕ್ಕಿದ್ದು ಅದೇ ಮೊದಲು. ಈಗ ಅನಿಸತೈತಿ, ಅದೇ ಕಡೆಯದೂ...

ಕಾಮಾಲೆ ನಿನ್ನನ್ನು ಯಾವಾಗ ಹಿಡಿಯಿತು, ಬಸು? ಕಣ್ಣು ಅರಿಷಿಣ ಆಗಿದ್ದವಂತೆ. ಕರೀ ಕನ್ನಡಕ ಹಾಕಿಕೊಂಡು ಶೂಟಿಂಗ್ ಮುಗಿಸಿದಿಯಂತೆ. ಇದೊಂದು ಬಿಟ್ಟರೆ ಮತ್ತೆ ಹೀರೋ ಯಾರು ಮಾಡತಾರ ಅಂತ ಹೆದರಿದೇನು? ದನಿ ಕೂಡಿಸುವ ದಿನ ಬರುವುದರೊಳಗೆ ದವಾಖಾನೆ ಸೇರಿದಿ. ಅಲ್ಲಿಂದ ಬಂದದ್ದು ನಿನ್ನ ಹೆಣ. ಸಿನಿಮಾದವರು ಕಾರು ತುಂಬ ಬಂದಿದ್ದರು, ಹೂವಿನ ಹಾರ ಹೊರಲಾರದಷ್ಟು. ನಮ್ಮ ಪದ್ಧತಿಯಂತೆ ನಿನ್ನನ್ನು ಕುಂದರಿಸಿ, ಹಣೆಗೆ ವಿಭೂತಿ ಹಚ್ಚಿದೆವು. ಅವ್ವ ಕೈ ಆಡಿಸಿ ಆಡಿಸಿ ನಿನ್ನ ತುಟಿ ಹುಡುಕಿದಳು. "ಒಂದ ಸಲ ಯವ್ವಾ ಅನಲೇ" ಅಂದಳು. ಅಯ್ಯನವರು ಮಂತ್ರ ನಿಲ್ಲಿಸಿ ಮಾರಿ ಆ ಕಡೆ ಮಾಡಿದರು.

ಸಿನಿಮಾ ಜಮಖಂಡಿ ಟಾಕೀಜಿಗೆ ಬಂದ ದಿನ ಅವ್ವನಿಗೆ ಇಳಕಲ್ಲ ಸೀರೆ ಉಡಿಸಿ, ಓಣಿಯ ಹೆಂಗಸರನ್ನೆಲ್ಲಾ ಟೆಂಪೋದಲ್ಲಿ ಹತ್ತಿಸಿಕೊಂಡು ಹೋದೆ. ನೀನು ಮಾತು ತಗೊಂಡಿದ್ದಿ, ಅವರು ಕೊಟ್ಟಿದ್ದರು. ನನ್ನ ತಲೆಯಲ್ಲಿ ಅಷ್ಟೇ ಇತ್ತು. ಮಾತು ಕೊಟ್ಟ ಮೇಲೆ ದನಿ ಇರದೆ ಹೆಂಗಾದೀತು? ದೀಪ ಆರಿದವು. ನೀನು ಬಂದಿ, ಹೊಲದಲ್ಲಿ ನಡೆದಿ, ಜಗಳ ಮಾಡಿದಿ, ಹಾಡಿದಿ. ಮಂದಿ ಸಿಳ್ಳು ಹೊಡೆಯಿತು. ಅವ್ವ ಸೆರಗು ಬಿಗಿಹಿಡಿದು ಕುಂತಿದ್ದಳು. ಬಿಡುವಿನ ಗಂಟೆ ಆಗುವ ಹೊತ್ತಿಗೆ ನನ್ನ ಮೊಣಕೈ ಹಿಡಿದು ಕೇಳಿದಳು:

"ಯಾವಾಗ ಬರತಾನಬೇ?"

ಬಸು, ನೀನು ಮೊದಲಿಂದಲೂ ಪರದೆ ಮೇಲೆ ಇದ್ದಿ.

ಮುಂದಿನ ಸಾಲಿನ ನೀಲವ್ವ ಹೊಳ್ಳಿ ನೋಡಿ, "ಅಯ್ಯ, ಇವನೇ ಅಲ್ಲೇನ ಯವ್ವಾ, ಇಷ್ಟೊತ್ತನ ಮಾತಾಡಿದಾವ" ಅಂದುಬಿಟ್ಟಳು. ಅವ್ವ ಕಿವಿಗೊಟ್ಟು ಮತ್ತೊಂದು ಗಳಿಗೆ ಕೇಳಿದಳು. "ಇವ ಯಾರೋ ಬ್ಯಾರೆ. ಮನಿಗೆ ನಡೀರಿ" ಅಂದಳು. ಎದ್ದು ಕತ್ತಲಲ್ಲಿ ಮಂದಿಯ ಮೊಣಕಾಲು ತಡವುತ್ತಾ ಹೊರಟೇಬಿಟ್ಟಳು. ಅಂದಿನಿಂದ ನಮ್ಮನೆ ಟೀವಿ ಹಚ್ಚಿಲ್ಲ.

ನಿನಗೆ ಗೊತ್ತಿರದ ಸುದ್ದಿ ಇದು: ನಿನ್ನ ಸಿನಿಮಾ ಛಲೋ ಓಡಿತು. ಪೇಪರಿನಲ್ಲಿ ನಿನ್ನ ಫೋಟೋ ಹಾಕಿ, ಇಂಥ ಸಹಜ ಮಾತುಗಾರ ಇಷ್ಟು ಲಗೂ ಹೋಗಬಾರದಿತ್ತು ಅಂತ ಬರೆದರು. ಓದಿ ಪೇಪರು ಮಡಚಿಟ್ಟೆ. ಯಾರ ಮಾತು, ಯಾರು ಹೋದದ್ದು?

ಮೊನ್ನೆ ನಿನ್ನ ಗೆಳೆಯ ಮಹಾಂತೇಶ ಬಂದಿದ್ದ, ಬೆಂಗಳೂರಿನಲ್ಲಿ ನಿನ್ನ ಕೂಡ ಒಂದೇ ಖೋಲಿಯಲ್ಲಿದ್ದವ. ಅವನು ಒಂದು ಮಾತು ಹೇಳಿದ. ಶೂಟಿಂಗ್ ಮಾಡುವಾಗಲೂ ಕಚ್ಚಾ ದನಿ ಹಿಡಿದಿರತಾರಂತೆ, ಆಮೇಲೆ ನೋಡಿಕೊಂಡು ಮಾತು ಕೂಡಿಸಲು. ಅದರಲ್ಲಿ ನೀನು ಆಡಿದ್ದೆಲ್ಲಾ ಇರತೈತಂತೆ. ಕೆಲಸ ಮುಗಿದ ಮೇಲೆ ಅದನ್ನು ಯಾರೂ ಕೇಳುವುದಿಲ್ಲ, ಅಳಿಸಿ ಮತ್ತೊಂದಕ್ಕೆ ಬಳಸತಾರಂತೆ. ಮಹಾಂತೇಶನ ಕಡಿಂದ ನಂಬರು ಇಸಗೊಂಡು, ನಿನ್ನ ಸಿನಿಮಾಕ್ಕೆ ದನಿ ಹಿಡಿದಾತನಿಗೆ ಫೋನು ಮಾಡಿದೆ. "ನೋಡ್ತೀನಿ ಅಮ್ಮಾ, ಇದ್ರೆ ಹೇಳ್ತೀನಿ. ಬರೀ ಜನರೇಟರ್ ಗಲಾಟೆ ಇರುತ್ತೆ, ನಿಮಗೆ ಏನೂ ಕೇಳ್ಸಲ್ಲ" ಅಂದ. ಆಮೇಲೆ ಫೋನು ಎತ್ತಲಿಲ್ಲ.

ಕೇಳಿಸುವುದಿಲ್ಲಂತೆ. ಅವ್ವನಿಗೆ!

ನಿನ್ನ ಗೆಳೆಯರು ನಿನ್ನ ನೆನಪಿಗೆ ಪುಸ್ತಕ ಮಾಡತಾರಂತ, ಅದಕ್ಕೆ ಈ ಕಾಗದ ಕೊಡತೇನಿ. ನೀನು ಓದತೀಯೋ ಇಲ್ಲವೋ ಶಿವನಿಗೇ ಗೊತ್ತು. ಓದಿದವರು ಯಾರಿದ್ದರೂ ಆ ದನಿ ಹಿಡಿದಾತನ ಬಾಗಿಲಿಗೆ ಒಮ್ಮೆ ಹೋಗ್ರಿ. ಐತಿ ಅಂದರೂ ಸರಿ, ಅಳಿಸೇನಿ ಅಂದರೂ ಸರಿ, ನನಗೆ ಬರಬೇಕಾದ ಉತ್ತರ ಇಸಗೊಂಡು ಬರ್ರಿ. ಗದ್ದಲ ಎಷ್ಟಿದ್ದರೂ ಇರಲಿ, ಅದರೊಳಗಿಂದ ಅವ್ವ ಮಗನನ್ನು ಆರಿಸಿಕೊಳ್ಳತಾಳ. ಕಿವಿ ಇನ್ನೂ ಅದಾವ ಆಕೆಗೆ. ಅವೂ ಹೋಗೋದರೊಳಗ ಬರ್ರಿ.

ನಿನ್ನ ಅಕ್ಕ,
ಗಂಗವ್ವ