ಮರೆವ್ವನ ಕೆಮ್ಮು

ಸಾಲೋಟಗಿ
೧೨ ಜನವರಿ ೨೦೨೫, ರವಿವಾರ

ಪ್ರೀತಿಯ ತಂಗಿ ರಾಜೇಶ್ವರಿಗೆ,

ಅಕ್ಕ ಗುರವ್ವನ ಆಶೀರ್ವಾದ. ನಾವೆಲ್ಲ ಇಲ್ಲಿ ಇದ್ದೇವೆ. ಕ್ಷೇಮ ಅಂತ ಬರೆಯಲು ಕೈ ಬರಲಿಲ್ಲ, ಅದಕ್ಕೆ ಇದ್ದೇವೆ ಅಂತಷ್ಟೇ ಬರೆದೆ. ಮುದ್ದೇಬಿಹಾಳದಲ್ಲಿ ನೀನು, ಮಗಳು ಭಾಗ್ಯಾ, ನಿಮ್ಮ ಮನೆಯವರು ಆರಾಮ ಇದ್ದೀರಿ ಅಂದುಕೊಂಡಿದ್ದೇನೆ.

ಅವ್ವ ಹೋಗಿ ಎರಡೂವರೆ ತಿಂಗಳಾಯಿತು, ಇಷ್ಟು ತಡ ಮಾಡಿ ಬರೆಯುತ್ತಿದ್ದೇನೆ, ತಪ್ಪು ತಿಳಿಯಬೇಡ. ಫೋನ್ ಹಚ್ಚಿದರೆ ನೀನು ಎತ್ತುವುದಿಲ್ಲ. ವಾಟ್ಸಾಪಿನಲ್ಲಿ ನನ್ನನ್ನು ಬ್ಲಾಕ್ ಮಾಡಿದ್ದೀ ಅಂತ ಮರೆವ್ವನ ಮೊಮ್ಮಗಳು ಪ್ರಜ್ಞಾ ನೋಡಿ ಹೇಳಿದಳು. ಪೋಸ್ಟಮನ್ನನನ್ನು ಬ್ಲಾಕ್ ಮಾಡಲು ಇನ್ನೂ ಯಾರಿಗೂ ಬರುವುದಿಲ್ಲವಲ್ಲ, ಅದಕ್ಕೆ ಕಾಗದ.

ಕಡಲೆ ಚೆನ್ನಾಗಿದೆ. ನಾಳೆ ಭೋಗಿ, ಸಜ್ಜೆ ರೊಟ್ಟಿಗೆ ಎಳ್ಳು ಹಚ್ಚಬೇಕು, ಆದರೆ ಒಲೆ ಮುಂದೆ ಕೂತರೆ ಮೊಣಕಾಲು ಏಳಲು ಬಿಡುವುದಿಲ್ಲ. ಮೊನ್ನೆ ಇಂಡಿ ಬಸ್ಸಿನಲ್ಲಿ ನನಗಿಂತ ಹತ್ತು ವರ್ಷ ಹಿರಿಯಳೊಬ್ಬಳು ಎದ್ದು, "ಕುಂಡ್ರು ಆಯಿ" ಅಂದಳು. ಐವತ್ತೆರಡಕ್ಕೆ ಆಯಿ ಆದೆ. ನಗು ಬಂತು, ಕೂತೂಬಿಟ್ಟೆ.

ಬೇಸಿಗೆಯಲ್ಲಿ ಭಾಗ್ಯಾ ಸಾಲಿಯ ಪ್ರಾಜೆಕ್ಟಿಗೆ ನಮ್ಮ ಹೊತ್ತಿನ ಮೇಳದ ಬಗ್ಗೆ ಬರೆದುಕೊಡು ಅಂದಿದ್ದಳು. ನಿನಗೆ ಗೊತ್ತಿದ್ದದ್ದೇ, ಅವಳಿಗೆ ಓದಿ ಹೇಳು. ಏಳು ಹೆಂಗಸರು ಒಂದೇ ಜಮಖಾನೆಯ ಮೇಲೆ ದುಂಡಗೆ ಕೂತು ಒಂದೇ ಸೊಲ್ಲನ್ನು ಕಡಿಯದೆ ಹಾಡಿದರೆ, ಆ ಮನೆಯ ಹೊಸ್ತಿಲೊಳಗೆ ಹೊತ್ತು ನಿಲ್ಲುತ್ತದೆ. ಹೊರಗೆ ಜಗತ್ತು ನಡೆದೇ ಇರುತ್ತದೆ. ಒಳಗೆ ಗಡಿಯಾರದ ಮುಳ್ಳು ಕದಲುವುದಿಲ್ಲ, ಉಕ್ಕಲು ಬಂದ ಹಾಲು ಉಕ್ಕುವುದಿಲ್ಲ, ಹೊರಟ ಜೀವ ಹೋಗುವುದಿಲ್ಲ. ದೂರದ ಮಗನೋ ಮಗಳೋ ಬಂದು ಮುಖ ನೋಡುವ ತನಕ ಹೊತ್ತು ಹಿಡಿಯುವುದು ನಮ್ಮ ಕೆಲಸ. ಸೊಲ್ಲು ತಿರುಗುವಲ್ಲಿ ಎಲ್ಲರೂ ಉಸಿರು ತೆಗೆದುಕೊಳ್ಳುತ್ತಾರೆ. ಆಗ ಮುಂದೆ ಹಾಡುವವಳು ಮತ್ತು ಅವಳ ಎಡಕ್ಕೆ ಕೂತವಳು, ಇಬ್ಬರೇ ಹಿಡಿದಿರಬೇಕು. ಮುಂದೆ ಹಾಡುವವಳು ನಾನು. ಎಡಕ್ಕೆ ಮೂವತ್ತು ವರ್ಷದಿಂದ ಮರೆವ್ವ.

ತಡೆದ ಹೊತ್ತು ಎಲ್ಲಿಗೂ ಹೋಗುವುದಿಲ್ಲ, ಹಾಡಿದವರ ಮೈಗೆ ಬರುತ್ತದೆ. ನನ್ನ ತಲೆ ನೆರೆತದ್ದು ಹಾಗೆ. ಅದಕ್ಕೇ ಹೊಸಬರು ಬರುವುದಿಲ್ಲ, ಏಳು ಇದ್ದದ್ದು ಈಗ ಐದೇ ಜನ, ಅಷ್ಟರಲ್ಲೇ ಹೇಗೋ ಹಿಡಿಯುತ್ತೇವೆ. ಕರೆಯುವವರಿಗೆ ಮಾತ್ರ ಕಡಿಮೆಯಿಲ್ಲ. ಮನಗೂಳಿಯಿಂದ ಒಬ್ಬರು ಫೋನ್ ಮಾಡಿ, ಮದುಮಗಳಿಗೆ ಮೇಕಪ್ ಮಾಡುವಾಕೆ ಬಂದಿಲ್ಲ, ಅಕ್ಕಿಕಾಳಿನ ಮುಹೂರ್ತದ ಹೊತ್ತು ಅರ್ಧ ತಾಸು ಹಿಡಿಯಿರಿ ಅಂದರು. ಮುಖ ತೊಳೆಸಿ ಕೂರಿಸಿರಿ ಅಂತ ಫೋನ್ ಇಟ್ಟೆ. ನನಗೆ ಬಹಳ ದಣಿವಾಗಿದೆ ರಾಜಿ. ನಿದ್ದೆ ಮಾಡಿದರೂ ಹೋಗದ ದಣಿವು.

ಈಗ ಬರೆಯಲೇಬೇಕಾದ ಮಾತು. ಮರೆವ್ವ ಹಾಸಿಗೆ ಹಿಡಿದಿದ್ದಾಳೆ. ದಮ್ಮು ಹೆಚ್ಚಾಗಿದೆ. ಇಂಡಿಯ ಡಾಕ್ಟರು ಮನೆಗೆ ಕರೆದೊಯ್ಯಿರಿ ಅಂದರಂತೆ. ಮಗ ಅರುಣಕುಮಾರ ಪುಣೆಯಲ್ಲಿ ಲಾರಿ ಓಡಿಸುತ್ತಾನೆ, ಒಮ್ಮೊಮ್ಮೆ ಗುಜರಾತಿನ ಆಚೆ ಇರುತ್ತಾನೆ. ಅವನು ಬರುವವರೆಗೆ ಅವಳ ಹೊತ್ತು ಹಿಡಿಯಬೇಕು. ಉಳಿದ ಮೂವರು ಕೂಡಲು ಒಪ್ಪುತ್ತಿಲ್ಲ. ಸೊಲ್ಲು ಮುರಿದವಳಿಗೆ ಮೇಳ ಕೂಡುವುದಿಲ್ಲ ಅಂತ ನಮ್ಮಲ್ಲಿ ಮೊದಲಿಂದ ನಡೆದುಬಂದ ಕಟ್ಟಳೆ.

ಅವ್ವ ಹೋದ ದಿನ ನೀನು ಅಂಗಳದಲ್ಲಿ ನಿಂತು ಅಂದ ಮಾತು ನೆನಪಿದೆಯಲ್ಲ. ಮನಗೂಳಿಯಲ್ಲಿ ಬಸ್ಸು ಕೆಟ್ಟು, ಮೂರು ಗಾಡಿ ಬದಲಿಸಿ ನೀನು ಬಂದಾಗ ಅವ್ವನ ಕೈ ಆಗಲೇ ತಣ್ಣಗಾಗುತ್ತಿತ್ತು. ಹೇಗೆ ತಪ್ಪಿತು ಅಂತ ಕೇಳಿದೆ. ಮರೆವ್ವ ಕೆಮ್ಮಿದಳು, ಸೊಲ್ಲು ಕಡಿಯಿತು ಅಂತ ಯಾರೋ ಹೇಳಿದರು. "ನಿನ್ನ ಕೆಮ್ಮು ನಮ್ಮವ್ವನ್ನ ತಿಂತು. ದಮ್ಮಿದ್ದಾಕಿ ಮೇಳಕ್ಕ ಯಾಕ ಕುಂತಿ?" ಅಂದೆ ನೀನು. ಅವಳು ಸೆರಗು ತಲೆಗೆ ಎಳೆದುಕೊಂಡು ಹೋದಳು. ಊರು ಬೇಗ ನಂಬಿತು. ಅವಳ ಓಣಿ ಯಾವುದು ಅಂತ ನಿನಗೂ ಗೊತ್ತು, ಜನ ಯಾಕೆ ಬೇಗ ನಂಬಿದರು ಅಂತಲೂ ಗೊತ್ತು. ಎಲ್ಲ ಓಣಿಯವರು ಒಂದೇ ಜಮಖಾನೆಯ ಮೇಲೆ ಕೂರುವುದು ಮೇಳದಲ್ಲಿ ಮಾತ್ರ ಇತ್ತು. ಅಲ್ಲಿಂದಲೂ ಅವಳನ್ನು ಎಬ್ಬಿಸಿದೆವು.

ಕಟ್ಟಳೆಗೆ ಒಂದೇ ಪರಿಹಾರ. ಯಾರು ದೂರಿದರೋ ಅವರೇ ಅವಳ ಮನೆಗೆ ಹೋಗಿ ಅವಳ ಕೈಯಿಂದ ನೀರು ಇಸಿದುಕೊಂಡು ಕುಡಿಯಬೇಕು. ನಾನು ದಿನಾ ಕುಡಿಯುತ್ತೇನೆ, ಅವಳ ಮನೆಗೆ ಹೋಗುತ್ತೇನೆ ಅನ್ನುವ ಸಿಟ್ಟಿಗೇ ನೀನು ನನ್ನ ಫೋನ್ ಎತ್ತುವುದಿಲ್ಲ ಅಂತ ಗೊತ್ತು, ಆದರೆ ನಾನು ಕುಡಿದರೆ ಲೆಕ್ಕಕ್ಕೆ ಬರುವುದಿಲ್ಲ. ನೀನು ಬರಬೇಕು. ಅವಳ ಕೈ ತಂಬಿಗೆ ಎತ್ತುವಷ್ಟು ಗಟ್ಟಿ ಇರುವಾಗಲೇ ಬರಬೇಕು. ನನ್ನ ಮನೆಗೆ ಬರದಿದ್ದರೂ ನಡೆಯುತ್ತದೆ, ಸ್ಟ್ಯಾಂಡಿನಿಂದ ಸೀದಾ ಅವಳ ಮನೆಗೆ ಹೋಗು.

ಮಕ್ಕಳು ಮರಿ ಚೆನ್ನಾಗಿರಲಿ. ನಿನ್ನ ಮನೆಯ ಹೊತ್ತು ತನ್ನ ಪಾಡಿಗೆ ತಾನು ಸುಖವಾಗಿ ಸರಿಯಲಿ, ಯಾರೂ ಅದನ್ನು ಹಿಡಿದು ನಿಲ್ಲಿಸುವ ಪ್ರಸಂಗ ಬರದಿರಲಿ.

ನಿನ್ನ ಅಕ್ಕ,
ಗುರವ್ವ

ತಾ.ಕ. — ಕಾಗದ ಮಡಚಿ ಅಂಟು ಹಚ್ಚಿದ್ದೆ, ಮತ್ತೆ ಬಿಚ್ಚಿದೆ. ಸೊಲ್ಲು ಕಡಿದದ್ದು ಮರೆವ್ವನಿಂದ ಅಲ್ಲ. ತಿರುವಿನಲ್ಲಿ ಬಿಟ್ಟವಳು ನಾನು. ನಾನು ಬಿಟ್ಟದ್ದು ಕಂಡು ಅವಳು ಒಬ್ಬಳೇ ಹಿಡಿಯಲು ಹೋದಳು, ಎದೆ ತಡೆಯದೆ ಕೆಮ್ಮು ಬಂತು. ಎಲ್ಲರ ಕಿವಿಗೆ ಬಿದ್ದದ್ದು ಕೆಮ್ಮು ಮಾತ್ರ. ಮರುದಿನ ಅವಳ ಮನೆಗೆ ಹೋಗಿ, ಊರ ಮುಂದೆ ಹೇಳಿಬಿಡುತ್ತೇನೆ ಅಂದೆ. "ಬ್ಯಾಡವ್ವ. ನನ್ನ ಮ್ಯಾಲಿನ ಸಿಟ್ಟು ಅಕಿಗೆ ನಾಕ ದಿನದ್ದು. ನಿನ್ನ ಮ್ಯಾಲ ಬಂದ್ರ ಜಲ್ಮದ್ದು. ನಿಮಗ ಅವ್ವ ಅಂತೂ ಹ್ವಾದ್ಲು, ಅಕ್ಕ ತಂಗಿ ಆದ್ರೂ ಉಳೀರಿ," ಅಂದಳು. ನನಗೂ ಅದು ಹಗುರಾಯಿತು, ಸುಮ್ಮನಾದೆ.

ಅವ್ವ ಹೋದ ದಿನ ನೀನು ಇಂಡಿಯಲ್ಲಿ ಇಳಿದೆ, ಆಟೋ ಹತ್ತಿದೆ ಅಂತ ನಿನ್ನ ಫೋನ್ ಬಂದಾಗ ಪ್ರಜ್ಞಾ ಅಂಗಳದಿಂದ ಕೂಗಿ ಹೇಳಿದ್ದಳು. ಇನ್ನು ಇಪ್ಪತ್ತು ನಿಮಿಷ. ಮೂರೂವರೆ ತಾಸು ಹಿಡಿದಿದ್ದೆವು. ನಿಂತ ಹೊತ್ತಿನಲ್ಲಿ ಬಾಯಿಗೆ ಬಿಟ್ಟ ನೀರು ಗಂಟಲಿಗೆ ಇಳಿಯುವುದಿಲ್ಲ, ನೋವೂ ಇಳಿಯುವುದಿಲ್ಲ. ಅವ್ವ ಸಾಕು ಅಂದಳು ಅಂತ ನಿನಗೆ ಬರೆಯಬಹುದಿತ್ತು, ನೀನು ನಂಬುತ್ತಿದ್ದೆ. ಅವಳು ಅನ್ನಲಿಲ್ಲ. ನನ್ನ ಗಂಟಲು ಸರಿ ಇತ್ತು, ಉಸಿರೂ ಇತ್ತು. ನನಗೆ ಸಾಕಾಗಿತ್ತು, ರಾಜಿ. ಅವ್ವ ಇನ್ನೂ ಬಾಗಿಲ ಕಡೆಗೇ ನೋಡುತ್ತಿದ್ದಳು.