ಇಲ್ಲದ ಬೇವಿನ ಟೊಂಗೆ

ದೇವದುರ್ಗ, ಸೋಮವಾರ

ಅವ್ವಾ,

ಫೋನಿನಲ್ಲಿ ಕೇಳಿದರೆ ನೀನು ಮಾತು ಮರೆಸುತ್ತೀ, ಅದಕ್ಕೇ ಈ ಪತ್ರ. ಬಿ.ಪಿ. ಗುಳಿಗೆ ತಪ್ಪಿಸಬೇಡ.

ಇಲ್ಲಿ ಹೊಳೆ ದಂಡೆಯ ಗೂಗಲ್ ಎಂಬ ಹಳ್ಳಿಯ ಹತ್ತಿರದ ಒಂದು ಊರಿನ ನೆನಪುಗಳ ಮೇಲೆ ಸಿನಿಮಾ ಮಾಡುತ್ತಿದ್ದೇನೆ. ಹಳೆಯ ಊರಿಗೆ ಹೊಳೆ ನುಗ್ಗಿದ ಮೇಲೆ ಜನ ಎತ್ತರದ ಬಯಲಿಗೆ ಬಂದಿದ್ದಾರೆ. ಆ ಬಯಲಿನಲ್ಲಿ ಕಣ್ಣು ಮುಚ್ಚಿ, ಹಳೆಯ ಓಣಿಯಲ್ಲಿ ನಡೆದಂತೆ ನಡೆಯಿರಿ ಎಂದು ಹಿರಿಯರನ್ನು ಒಬ್ಬೊಬ್ಬರಾಗಿ ಕೇಳಿದೆ. ಎಲ್ಲರೂ ಒಂದೇ ಜಾಗದಲ್ಲಿ ತಲೆ ಬಗ್ಗಿಸಿದರು.

"ಅಲ್ಲಿ ಬೇವಿನ ಟೊಂಗಿ ಅಡ್ಡ ಬರತಿತ್ತವ್ವಾ," ಎಂದರು ರೇಣುಕಮ್ಮ ಎಂಬ ಅಜ್ಜಿ.

ಮೊದಲ ದಿನ ಚಿತ್ರೀಕರಿಸಿದ್ದನ್ನು ನಿನ್ನೆ ಹಾಕಿ ನೋಡಿದೆ. ಅವರೆಲ್ಲ ನಡೆಯುವ ಮುಂಚೆ, ಕ್ಯಾಮೆರಾ ಹೊಂದಿಸಲು ನಾನೇ ಕಣ್ಣು ಮುಚ್ಚಿ ನಡೆದಿದ್ದೆ. ಅದೇ ಜಾಗದಲ್ಲಿ ನಾನೂ ಬಗ್ಗಿದ್ದೇನೆ. ಎರಡೂ ಕೈಯಿಂದ ಎದೆಯ ಮುಂದೆ ಏನನ್ನೋ ಬಿಗಿಯಾಗಿ ಹಿಡಿದಿದ್ದೇನೆ. ನನಗದು ನೆನಪೇ ಇಲ್ಲ.

ರೇಣುಕಮ್ಮನಿಗೆ ಅದನ್ನು ತೋರಿಸಿದೆ. "ಅವನ ಹೆಗಲ ಮ್ಯಾಲ ಕುಂತು, ತಲಿ ರುಮಾಲ ಹಿಡಕೊಂಡು ಬಗ್ಗತಿದ್ದ ಕೂಸು ನೀನೇನು!" ಎಂದು ನನ್ನ ಗಲ್ಲ ಮುಟ್ಟಿದರು.

"ಯಾರ ಹೆಗಲು, ಯವ್ವಾ?"

"ನಿಮ್ಮವ್ವನ್ನ ಕೇಳು. ಅಂವ ಇನ್ನೂ ಆ ಹಾಳೂರಾಗ ಒಬ್ಬನ ಅದಾನ. ಕರದರೂ ಈಚಿ ಬರಂಗಿಲ್ಲ."

ನಾನು ಮಾನ್ವಿಯಲ್ಲಿ ಹುಟ್ಟಿದವಳು, ಅಪ್ಪ ಅದಕ್ಕೂ ಮೊದಲೇ ತೀರಿಕೊಂಡ ಎಂದಿದ್ದೆ ನೀನು. ಯಾಕೆ ಹಾಗೆ ಹೇಳಿದೆ ಎಂದು ಕೇಳುವುದಿಲ್ಲ. ಗುರುವಾರ ಬಸ್ಸಿಗೆ ಬಾ, ನಿಲ್ದಾಣದಲ್ಲಿ ಕಾಯುತ್ತೇನೆ. ಬರದಿದ್ದರೂ ಶುಕ್ರವಾರ ಹಾಳೂರಿಗೆ ಹೋಗುತ್ತೇನೆ. ಅಲ್ಲಿ ನಿಂತು ಯಾವ ಹೆಸರು ಹಿಡಿದು ಕೂಗಲಿ, ಅಷ್ಟನ್ನಾದರೂ ಫೋನಿಗೆ ಬರೆದು ಕಳಿಸು.

ನಿನ್ನ ಮಗಳು,
ಹುಲಿಗೆಮ್ಮ